ಪರಸ್ಥಳದಲ್ಲಿಟ್ಟ ಫೈಲುಗಳು
ಜಾಲತಾಣದಲ್ಲಿಟ್ಟುದು ಎಂದೆಂದಿಗೂ ಅಲ್ಲಿಯೇ ಇರುವುದೆಂದು ನಂಬಿದ ಗೃಹಸ್ಥರು ಅನೇಕರು. ನಮಗೆ ಆ ನಂಬಿಕೆಯಿಲ್ಲ. ಜನಸಾಮಾನ್ಯರು ತಮ್ಮ ಮನೆಪುಟಗಳನ್ನಿಟ್ಟಿದ್ದ ಜಿಯೋಸಿಟೀಸನ್ನು ಯಾಹೂ ಕಂಪೆನಿಯು ೨೦೦೯ನೆಯ ಅಕ್ಟೋಬರಿನಲ್ಲಿ ಮುಚ್ಚಿತು. ಆರ್ಕೈವ್ ಟೀಮ್ ಎಂಬ ಸ್ವಯಂಸೇವಕರ ತಂಡವು ಅದರ ದೊಡ್ಡದೊಂದು ಭಾಗವನ್ನು ಮೊದಲೇ ಇಳಿಸಿಕೊಂಡು ಉಳಿಸಿತು. ಒಂದೊಂದಾಗಿ ಒತ್ತುತ್ತ ಕುಳಿತಿದ್ದರೆ ಆಗುವ ಕೆಲಸವಲ್ಲವದು, ಸ್ಕ್ರಿಪ್ಟುಗಳು ಮಾಡಿದುವು.

ಸ್ಕ್ರಿಪ್ಟೆಂದರೆ ಕಂಪ್ಯೂಟರಿಗೆ ಬರೆದುಕೊಟ್ಟ ಆಜ್ಞೆಗಳ ಓಲೆ. ೧೯೯೬ರಿಂದ ಬಳಕೆಯಲ್ಲಿರುವ ಡಬ್ಲ್ಯುಗೆಟ್ ಎಂಬ ಉಚಿತ ಸಾಧನವು ಮನೆಯ ಕೆಲಸಕ್ಕೆ ಸಾಕು. ಬೇಕಾದ ಫೈಲುಗಳ ವಿಳಾಸಗಳನ್ನು ಸಾಲಿಗೊಂದರಂತೆ ಬರೆದು ಒಪ್ಪಿಸಿದರೆ ಅದು ರಾತ್ರಿಯೆಲ್ಲ ಎಚ್ಚರವಿದ್ದು ತರುವುದು. ‘ಮುಂದುವರಿಸು’ ಎಂಬ ಸೂಚನೆಯಿದ್ದರೆ, ಸಂಪರ್ಕ ಕಡಿದು ಅರ್ಧಕ್ಕೆ ನಿಂತ ಫೈಲನ್ನು ಮತ್ತೆ ನಡೆಸಿದಾಗ, ತಾಣವು ಒಪ್ಪಿದಲ್ಲಿ, ನಿಂತೆಡೆಯಿಂದಲೇ ತರುವುದು.

ಪ್ರತಿ ಫೈಲಿನ ಬಳಿಕ ಕೆಲವು ಸೆಕೆಂಡು ತಡೆಯುವ ಆಜ್ಞೆಯನ್ನೂ ಬರೆಯತಕ್ಕದ್ದು. ಇದನ್ನು ನಾವು ಒತ್ತಿ ಹೇಳುವೆವು. ಊರಬಾವಿಗೆ ಒಬ್ಬನೇ ಹತ್ತು ಹಗ್ಗ ಇಳಿಬಿಟ್ಟರೆ ಉಳಿದವರ ಗತಿಯೇನು? ತಾಣದವರು ಬಾಗಿಲು ಹಾಕಿದರೂ ಹಾಕಿಯಾರು. ಅವರ ನಿಯಮಗಳನ್ನೂ ಗ್ರಂಥಸ್ವಾಮ್ಯವನ್ನೂ ಮೊದಲೇ ವಿಚಾರಿಸಿಕೊಳ್ಳಬೇಕು.

ಬೆಳಗ್ಗೆ ಫೈಲುಗಳನ್ನು ತೆರೆದು ನೋಡಿರಿ. ಹೆಸರು ಸರಿಯಾಗಿದ್ದು, ಒಳಗೆ ‘ಪ್ರವೇಶವಿಲ್ಲ’ವೆಂಬ ಪುಟವೊಂದೇ ಇರುವುದುಂಟು.