ಬಿರಾದಾರರ ಕೈಗೆ ಬರೀ ತಟ್ಟೆ ಯಾಕ್ರೀ?

ವೈಜನಾಥ ಬಿರಾದಾರ ಅಂದ ಕೂಡಲೇ ನಿಮಗೇನು ನೆನಪಾಗುತ್ತೆ? ಹರಿದ ಅಂಗಿ, ಕೈಯಲ್ಲಿ ಭಿಕ್ಷೆಯ ತಟ್ಟೆ. ಇಲ್ಲಾಂದ್ರೆ ಬಾಟಲಿ. ಎರಡು ನಿಮಿಷ ಬಂದು, ಬೈಸಿಕೊಂಡು, ನಗಿಸಿ ಹೋಗುವ ಮನುಷ್ಯ. ಅಷ್ಟೇ ತಾನೇ?

ಈಗ ಇನ್ನೊಬ್ಬ ಬಿರಾದಾರರನ್ನು ನೋಡಿ. ಗಿರೀಶ ಕಾಸರವಳ್ಳಿಯವರ ‘ಕನಸೆಂಬ ಕುದುರೆಯನೇರಿ’, ಅಮರೇಶ ನುಗಡೋಣಿಯವರ ‘ಸವಾರಿ’ ಕಥೆ ಆಧರಿಸಿದ್ದು. ಅದರಲ್ಲಿ ಇವರು ಗುಂಡಿ ತೋಡುವ ಈರ್ಯ. ಕನಸಿನಲ್ಲಿ ಸಿದ್ಧ ಬಂದರೆ ಊರಲ್ಲಿ ಸಾವು ಖಚಿತ ಅಂತ ನಂಬಿದವನು. ಗೌಡರ ಸಾವನ್ನು ವಾಡೆಯವರು ಮುಚ್ಚಿಟ್ಟಾಗ ತನ್ನ ಕನಸೇ ಸುಳ್ಳಾಯಿತೆಂದು ಕುಸಿಯುತ್ತಾನೆ. ಆ ಕುಸಿತವನ್ನು ಬಿರಾದಾರರು ಅಬ್ಬರವಿಲ್ಲದೆ ತೋರಿಸುತ್ತಾರೆ. 2009ನೇ ಸಾಲಿನ ಅತ್ಯುತ್ತಮ ಕನ್ನಡ ಚಿತ್ರದ ರಾಷ್ಟ್ರಪ್ರಶಸ್ತಿ ಈ ಸಿನಿಮಾಕ್ಕೆ ಬಂತು. 2011ರಲ್ಲಿ ಸ್ಪೇನಿನ ಮ್ಯಾಡ್ರಿಡ್‌ನಲ್ಲಿ, ಇಮ್ಯಾಜಿನ್ ಇಂಡಿಯಾ ಚಿತ್ರೋತ್ಸವದವರು ಬಿರಾದಾರರಿಗೆ ಶ್ರೇಷ್ಠ ನಟ ಪ್ರಶಸ್ತಿ ಕೊಟ್ಟರು.

ಸ್ಪೇನಿನವರಿಗೆ ಕಂಡದ್ದು ಗಾಂಧಿನಗರಕ್ಕೆ ಯಾಕೆ ಕಾಣಲಿಲ್ಲ ಸ್ವಾಮಿ?

ಎಂ.ಎಸ್. ಸತ್ಯು ಅವರ ‘ಬರ’ದಿಂದ ಶುರುವಾದ ಪಯಣ ಇದು. 2023ರಲ್ಲಿ ಅವರೇ ನಾಯಕರಾದ ಸಿನಿಮಾ ಬಂತು, ಅವರ 500ನೆಯದು ಅಂತ ಪ್ರಚಾರವೂ ಆಯಿತು. ಅದರ ಹೆಸರು? ‘90 ಹೊಡಿ ಮನೀಗ್ ನಡಿ’. ನಾಯಕನಾದರೂ ಬಾಟಲಿ ಬಿಡಲಿಲ್ಲ ನೋಡಿ!

ಭಿಕ್ಷುಕನ ಪಾತ್ರ ಕೀಳು ಅಂತ ನಾನು ಹೇಳುತ್ತಿಲ್ಲ. ಈರ್ಯನೂ ಬಡವನೇ. ಆದರೆ ಅವನಿಗೆ ಹೆಸರಿದೆ, ಹೆಂಡತಿಯಿದ್ದಾಳೆ, ನಂಬಿಕೆಯಿದೆ. ನೀವು ಕೊಡುವ ಭಿಕ್ಷುಕನಿಗೆ ತಟ್ಟೆಯೊಂದೇ ಇರುತ್ತೆ. ನನ್ನ ತಕರಾರು ಅದು.

ಬಿರಾದಾರರು ಬೀದರ ಜಿಲ್ಲೆಯವರು. ಅವರಿಗಾದದ್ದೇ ನಮ್ಮ ಈ ಸೀಮೆಯ ಮಾತಿಗೂ ಆಗಿದೆ. ಸಿನಿಮಾದಲ್ಲಿ ‘ಉತ್ತರ ಕರ್ನಾಟಕ ಭಾಷೆ’ ಅಂತ ಒಂದೇ ಡಬ್ಬಿ. ಧಾರವಾಡದವರು ‘ಏನ್ ಮಾಡಾಕತ್ತೀರಿ’ ಅಂದರೆ ಸೇಡಂ, ಚಿತ್ತಾಪುರದ ಕಡೆ ‘ಏನ್ ಮಾಡ್ಲತ್ತೀರಿ’ ಅಂತೀವಿ. ಈ ವ್ಯತ್ಯಾಸ ತಿಳಿದು ಸಂಭಾಷಣೆ ಬರೆಯುವವರು ಎಷ್ಟು ಮಂದಿ? ಬರೆದರೂ ಆ ಮಾತು ಹೋಗುವುದು ಆಳಿನ ಬಾಯಿಗೆ, ಕುಡುಕನ ಬಾಯಿಗೆ. ನಾಯಕ ಡಾಕ್ಟರಾದರೆ ಬೆಂಗಳೂರು ಕನ್ನಡವೇ ಬೇಕು. ‘ಕವಿರಾಜಮಾರ್ಗ’ದ ಕಾಲದ ರಾಜಧಾನಿ ಮಳಖೇಡ ಇರುವುದು ಸೇಡಂ ತಾಲೂಕಿನಲ್ಲಿ. ಅಲ್ಲಿನ ಕನ್ನಡ ಈಗ ನಗೆಸರಕು!

ಚಿಂಚೋಳಿಯವರು ತೆಲುಗು ಸಿನಿಮಾ ನೋಡ್ತಾರೆ, ಶಹಾಬಾದ, ವಾಡಿಯವರು ಹಿಂದಿ ನೋಡ್ತಾರೆ, ಇವರಿಗೆ ಕನ್ನಡಾಭಿಮಾನವಿಲ್ಲ ಅಂತ ಬೈಯುವವರಿದ್ದಾರೆ. ವಾಡಿಯ ಸಿಮೆಂಟ್ ಕಾರ್ಖಾನೆ ಕಾರ್ಮಿಕ, ಶಹಾಬಾದಿನ ಫರಸಿ ಕಲ್ಲು ಕಡಿಯುವವ, ಚಿಂಚೋಳಿಯ ತೊಗರಿ ರೈತ ನಿಮ್ಮ ಯಾವ ಸಿನಿಮಾದ ನಾಯಕ, ಹೇಳಿ? ನಮ್ಮ ಮುಖವೇ ಇಲ್ಲದ ಕನ್ನಡಿಗೆ ಟಿಕೆಟ್ ಯಾಕೆ ತಗೋಬೇಕು?

ಬಿರಾದಾರರಿಗೆ ಸನ್ಮಾನ, ಶಾಲು ಸಾಕು. ಒಬ್ಬ ಮೇಷ್ಟ್ರ ಪಾತ್ರ ಕೊಡಿ, ಒಬ್ಬ ಜಡ್ಜ್, ಒಬ್ಬ ಮಗಳ ತಂದೆ. ಮಾತು ಅವರೂರಿನದೇ ಇರಲಿ. ಆಮೇಲೆ ನಮ್ಮ ಅಭಿಮಾನದ ಲೆಕ್ಕ ಕೇಳಿ.

ಏನಂತೀರಿ?