ಗಡಿಯಲ್ಲೊಂದು ತಡಮೆ

ಬೆಳ್ತಂಗಡಿ ತಾಲೂಕಿನ ನೆರಿಯದಂಥ ಊರಿನಲ್ಲಿ ವರ್ಗ ಜಾಗದ, ಅಂದರೆ ಸ್ವಂತ ಪಟ್ಟಾ ಜಮೀನಿನ, ಗಡಿ ಮುಗಿದರೂ ಕೃಷಿಕನ ನಂಟು ಮುಗಿಯುವುದಿಲ್ಲ. ಅದರಾಚೆ ನೂರು ಗಜ ಕುಮ್ಕಿ: ಒಡೆತನ ಸರ್ಕಾರದ್ದು, ಸೊಪ್ಪು ಸೌದೆ ತರುವ ಸವಲತ್ತು ಪಕ್ಕದ ವರ್ಗದಾರನದು. ಬೇಲಿಯ ನಡುವೆ ತಡಮೆಯೂ ಇರುತ್ತದೆ. ದನ ನುಗ್ಗದು, ನೆರೆಯವರು ಕಾಲೆತ್ತಿ ದಾಟಿ ಬರುತ್ತಾರೆ. ಗಡಿ ಎಂದರೆ ಹೀಗಿರಬೇಕು ಎಂದೇ ನನ್ನ ನಂಬಿಕೆ. ರಾಜ್ಯಗಳ ಗೆರೆ ಎಳೆದವರು ಇಷ್ಟು ಯೋಚಿಸಲಿಲ್ಲ. ಆ ಗೆರೆ ಬೀಳುವವರೆಗೆ ಬೆಳ್ತಂಗಡಿಯೂ ಕಾಸರಗೋಡೂ ಒಂದೇ ದಕ್ಷಿಣ ಕನ್ನಡ ಜಿಲ್ಲೆ. 1956ರ ನವೆಂಬರ್ 1ರಂದು ಕಾಸರಗೋಡು ಕೇರಳದ ಪಾಲಾಯಿತು. ಚಂದ್ರಗಿರಿ ಹೊಳೆಯ ಉತ್ತರದ ನೆಲ ಕರ್ನಾಟಕಕ್ಕೆ ಸೇರಲಿ ಎಂದು ಗಡಿ ವಿವಾದ ಪರಿಶೀಲಿಸಿದ ಮಹಾಜನ ಆಯೋಗ 1967ರಲ್ಲಿ ಹೇಳಿದ್ದು ಕಡತದಲ್ಲೇ ಉಳಿಯಿತು. ಕಾಸರಗೋಡು ಕರ್ನಾಟಕಕ್ಕೆ ಸೇರಲೆಂದು ಹೋರಾಡಿದ ಕವಿ ಕಯ್ಯಾರ ಕಿಞ್ಞಣ್ಣ ರೈಗಳು ನೂರು ವರ್ಷ ಬಾಳಿ, ಆ ಕೊರಗನ್ನು ಹೊತ್ತೇ 2015ರಲ್ಲಿ ತೀರಿಕೊಂಡರು. ಇತ್ತ ನೆರಿಯದ ಮಣ್ಣಿಗೆ ಕೇರಳದಿಂದ ಬಂದ ಕುಟುಂಬಗಳು ರಬ್ಬರು ನೆಟ್ಟವು, ಇಗರ್ಜಿ ಕಟ್ಟಿದವು. ಅವರ ಮಕ್ಕಳು ಪೇಟೆಯಲ್ಲಿ ತುಳು, ಶಾಲೆಯಲ್ಲಿ ಕನ್ನಡ, ಮನೆಯಲ್ಲಿ ಮಲಯಾಳ ಆಡುತ್ತಾರೆ. ಯಾರ ಭಾಷೆಯೂ ಇದರಿಂದ ಕುಗ್ಗಲಿಲ್ಲ. ಆದರೆ 2020ರ ಮಾರ್ಚ್‌ನಲ್ಲಿ, ಕೊರೊನಾದ ಭಯಕ್ಕೆ, ಕೇರಳದ ಕಡೆಯ ರಸ್ತೆಗಳಿಗೆ ನಮ್ಮವರೇ ಮಣ್ಣು ಸುರಿದರು. ಡಯಾಲಿಸಿಸ್‌ಗೆ, ಹೆರಿಗೆಗೆ ಮಂಗಳೂರನ್ನೇ ನಂಬಿದ್ದ ಕಾಸರಗೋಡಿನವರು ಗಡಿಯ ತಲಪಾಡಿಯಲ್ಲಿ ಸಿಲುಕಿದರು, ದಾರಿ ಸಿಗದೆ ಜೀವ ಬಿಟ್ಟವರೂ ಉಂಟು. ಭಯ ಅರ್ಥವಾಗುತ್ತದೆ, ಆಂಬುಲೆನ್ಸ್ ತಡೆದದ್ದನ್ನು ಮಾತ್ರ ಒಪ್ಪಲಾರೆ. ಸೋಂಕು ತಡೆಯಲು ತಪಾಸಣೆ ಇಡಬಹುದಿತ್ತು, ರೋಗಿಗೆ ದಾರಿ ಬಿಡಬಹುದಿತ್ತು. ಮುಂದೆ ಯಾವ ಆಪತ್ತು ಬಂದರೂ ರೋಗಿಯ ದಾರಿ ಮುಚ್ಚುವುದಿಲ್ಲ ಎಂದು ಎರಡೂ ಸರ್ಕಾರಗಳು ಮೊದಲೇ ಒಪ್ಪಂದ ಬರೆದಿಡಬೇಕು.