ಉಕ್ಕಿನ ಜೋಡು

ಮನುಷ್ಯನ ಅವಯವಗಳಲ್ಲಿ ಪಾದದಷ್ಟು ದುಡಿದು ಪಾದದಷ್ಟು ಕಡಿಮೆ ಮಾತಿಗೆ ಬರುವುದು ಮತ್ತೊಂದಿಲ್ಲ. ವೀರನ ವರ್ಣನೆಗೆ ತೊಡಗಿದ ಕವಿ ಅವನ ಎದೆಯನ್ನು ಹೊಗಳುತ್ತಾನೆ, ತೋಳನ್ನು ಹೊಗಳುತ್ತಾನೆ, ಮೀಸೆಯನ್ನೂ ಬಿಡುವುದಿಲ್ಲ. ಪಾದದ ಬಳಿಗೆ ಬರುವ ವೇಳೆಗೆ ಅವನ ಉತ್ಸಾಹ ಮುಗಿದಿರುತ್ತದೆ. ದೇವರ ಪಾದಕ್ಕಾದರೆ ಕಮಲದ ಉಪಮಾನವುಂಟು. ನಡೆದು ದಣಿದವನ ಪಾದಕ್ಕೆ ಧೂಳಷ್ಟೆ.

ಆದರೆ ಯುದ್ಧಕ್ಕೆ ಹೊರಟವನು ಕವಿಯಷ್ಟು ಉದಾಸೀನನಾಗಿರುವಂತಿಲ್ಲ. ಕುದುರೆಯ ಮೇಲೆ ಕುಳಿತ ಸವಾರನ ತಲೆ ಎಷ್ಟೇ ಎತ್ತರದಲ್ಲಿದ್ದರೂ ರಿಕಾಬಿನಲ್ಲಿಟ್ಟ ಅವನ ಪಾದ ನೆಲದ ಮೇಲೆ ನಿಂತ ಕಾಲಾಳಿನ ಕೈಗೆ ಸುಲಭವಾಗಿ ಎಟಕುತ್ತದೆ. ಇದನ್ನು ಚೆನ್ನಾಗಿ ಬಲ್ಲ ಐರೋಪ್ಯ ಸರದಾರರು 14ನೆಯ ಶತಮಾನದಿಂದೀಚೆಗೆ ತಮ್ಮ ಪಾದಗಳಿಗೂ ಉಕ್ಕಿನ ಹೊದಿಕೆಯನ್ನು ತೊಡಿಸತೊಡಗಿದರು. ಇಂಗ್ಲಿಷಿನಲ್ಲಿ ಅದರ ಹೆಸರು ‘ಸ್ಯಾಬಟನ್’. ಮಕ್ಕಳ ಕಥೆಪುಸ್ತಕಗಳಲ್ಲಿ ನಖಶಿಖಾಂತ ಉಕ್ಕನ್ನು ಹೊದ್ದು ನಿಂತ ಸರದಾರನ ಚಿತ್ರವನ್ನು ವಾಚಕರು ನೋಡಿರಬಹುದು. ಆ ನಖದ ಮೇಲಿನ ಉಕ್ಕೇ ಸ್ಯಾಬಟನ್.

ಅದರ ರಚನೆಯನ್ನು ತಿಳಿಯಬೇಕಾದರೆ ಸೀಗಡಿಯ ಬೆನ್ನನ್ನು ನೆನೆಯಬೇಕು. ಕಿರಿದಾದ ಉಕ್ಕಿನ ಪಟ್ಟಿಗಳು ಒಂದರ ಅಂಚಿನ ಮೇಲೆ ಒಂದು ಕುಳಿತು, ಕೀಲುಮೊಳೆಗಳ ಆಧಾರದಲ್ಲಿ ಅತ್ತಿತ್ತ ಸರಿಯುತ್ತಿದ್ದವು. ಪಾದ ಬಾಗಿದರೆ ಉಕ್ಕೂ ಬಾಗುತ್ತಿತ್ತು. ಬೆರಳುಗಳ ಮೇಲೆ ಒಂದೇ ತುಂಡಿನ ಮುಚ್ಚಳ. ಇಷ್ಟನ್ನೂ ತೊಗಲಿನ ಪಟ್ಟಿಗಳಿಂದ ಒಳಗಿನ ಪಾದರಕ್ಷೆಗೆ ಬಿಗಿಯುತ್ತಿದ್ದರು. ಅಂಗಾಲಿಗೆ ಮಾತ್ರ ಉಕ್ಕಿರಲಿಲ್ಲ. ಇದ್ದಿದ್ದರೆ ಸವಾರನು ಇಳಿದು ಹುಲ್ಲಿನ ಮೇಲೆ ಎರಡು ಹೆಜ್ಜೆ ಇಡುವುದರೊಳಗಾಗಿ ಜಾರಿ ಬೀಳುತ್ತಿದ್ದನು. ನೋಡುವವರ ಕಣ್ಣಿಗೆ ಬೀಳುತ್ತಿದ್ದುದು ಕಮ್ಮಾರನ ಉಕ್ಕು. ನೆಲವನ್ನು ತುಳಿಯುತ್ತಿದ್ದುದು ಚಮ್ಮಾರನ ತೊಗಲು.

ರಣರಂಗದ ಉಕ್ಕಿಗೂ ಪೇಟೆಯ ಷೋಕಿ ಅಂಟದೆ ಬಿಡಲಿಲ್ಲ. ಶ್ರೀಮಂತರ ಪಾದರಕ್ಷೆಗಳ ತುದಿ ಕೊಕ್ಕಿನಂತೆ ಚೂಪಾಗಿ ಬೆಳೆದಾಗ ಸ್ಯಾಬಟನ್ನಿನ ತುದಿಯೂ ಚೂಪಾಯಿತು. ಕುದುರೆಯ ಮೇಲೆ ಅದು ಅಂದವಾಗಿ ಕಂಡರೂ ನೆಲದ ಮೇಲೆ ಸಂಕಟವೇ. 1386ರಲ್ಲಿ ಸ್ವಿಸ್ ರೈತರ ಮೇಲೆ ಸೆಂಪಾಖ್ ಎಂಬಲ್ಲಿ ಕಾದಿದ ಆಸ್ಟ್ರಿಯದ ಸರದಾರರು ಕುದುರೆಗಳಿಂದ ಇಳಿದು ಹೋರಾಡಬೇಕಾಗಿ ಬಂದಾಗ, ಮೊದಲು ತಮ್ಮ ಪಾದರಕ್ಷೆಗಳ ಉದ್ದ ಕೊಕ್ಕುಗಳನ್ನು ಕಡಿದುಹಾಕಿದರೆಂದು ಅಲ್ಲಿಯ ಐತಿಹ್ಯ ಹೇಳುತ್ತದೆ. ಆ ಕಾಳಗದಲ್ಲಿ ಅವರು ಸೋತರು. ಅವರ ದೊರೆ ಲಿಯೊಪೋಲ್ಡನೂ ಮಡಿದನು. 1500ರ ಸುಮಾರಿಗೆ ಷೋಕಿ ತಿರುಗಿತು. ಚೂಪು ಹೋಗಿ ಅಗಲ ಬಂದಿತು. ಮುಂಭಾಗವು ಎಷ್ಟು ಅಗಲವಾಯಿತೆಂದರೆ ಜನ ಅದನ್ನು ‘ಕರಡಿಯ ಪಾದ’ವೆಂದೂ ಜರ್ಮನರು ‘ಹಸುವಿನ ಬಾಯಿ’ ಎಂದೂ ಕರೆದರು. ಇಂಗ್ಲೆಂಡಿನ ಎಂಟನೆಯ ಹೆನ್ರಿಗಾಗಿ 1520ರಲ್ಲಿ ಸಿದ್ಧಪಡಿಸಿದ ಕಾಲಾಳುಕಾಳಗದ ಕವಚವೊಂದು ಈಗಲೂ ಲೀಡ್ಸ್ ನಗರದ ರಾಜಶಸ್ತ್ರಾಗಾರದಲ್ಲಿದೆ. ಅದರಲ್ಲಿರುವ ಉಕ್ಕಿನ ತುಂಡುಗಳು 235. ಅಡಿಯಿಂದ ಮುಡಿಯವರೆಗೆ ಎಲ್ಲಿಯೂ ಮೈ ಕಾಣದಂತೆ ಅವನ್ನು ಜೋಡಿಸಿರುವ ಕೌಶಲವನ್ನು ಮೆಚ್ಚದವರಿಲ್ಲ.

ಇಷ್ಟು ವೈಭವದ ವಸ್ತುವಿನ ಹೆಸರು ಎಲ್ಲಿಂದ ಬಂದಿತೆಂದು ವಿಚಾರಿಸಿದರೆ ಮಾತ್ರ ಸ್ವಲ್ಪ ಆಶ್ಚರ್ಯವಾಗುತ್ತದೆ. ಅದು ಬಂದದ್ದು ಅರಮನೆಯಿಂದಲ್ಲ, ಬೀದಿಯಿಂದ. ದಕ್ಷಿಣ ಫ್ರಾನ್ಸಿನ ಹಳೆಯ ದೇಶಭಾಷೆಯಲ್ಲಿ ‘ಸಬಾತ’ ಎಂದರೆ ಬರಿಯ ಪಾದರಕ್ಷೆ. ಅದಕ್ಕೊಂದು ಪ್ರತ್ಯಯ ಸೇರಿ ಸ್ಯಾಬಟನ್ ಆಯಿತು. ಇದೇ ಪದ ಉತ್ತರಕ್ಕೆ ಹೋಗಿ ಫ್ರೆಂಚಿನಲ್ಲಿ ‘ಸವಾತ್’ ಆದಾಗ ಅದರ ಅರ್ಥ ಇನ್ನೂ ಕೆಳಗಿಳಿದು, ತುಳಿದು ತುಳಿದು ಸವೆದ ಹಳೆಯ ಜೋಡಿಗೆ ನಿಂತಿತು. ಇಟಲಿಯಲ್ಲಿ ಅದು ‘ಚಬಾತ್ತ’, ಎಂದರೆ ಮನೆಯೊಳಗೆ ಮೆಟ್ಟುವ ಚಪ್ಪಲಿ. ಸ್ಪೇನಿನಲ್ಲಿ ‘ಥಪಾತೊ’, ಪೋರ್ಚುಗಲ್ಲಿನಲ್ಲಿ ‘ಸಪಾತು’. ಸ್ಯಾಬಟನ್ನಿಗೆ ಫ್ರೆಂಚಿನಲ್ಲಿದ್ದ ಇನ್ನೊಂದು ಹೆಸರಾದ ‘ಸೋಲರೆ’ ಎಂಬುದಕ್ಕೂ ‘ಪುಟ್ಟ ಪಾದರಕ್ಷೆ’ ಎಂದೇ ಅರ್ಥ. ಮೈಗೆಲ್ಲ ಉಕ್ಕನ್ನು ತೊಟ್ಟವನು ತನ್ನ ಪಾದದ ಉಕ್ಕಿಗೆ ಹೆಸರು ಬೇಕಾದಾಗ ರೈತನ ಮನೆಯ ಹೊಸ್ತಿಲಿನಿಂದ ಅದನ್ನು ಎತ್ತಿಕೊಂಡನು.

ಹೆಸರನ್ನು ಕೊಟ್ಟ ರೈತನಿಗೆ ಉಕ್ಕು ದೊರೆಯಿತೆ? ಈ ಪ್ರಶ್ನೆಗೆ ಸ್ವೀಡನ್ನಿನ ಗೋಟ್‌ಲಂಡ್ ದ್ವೀಪದ ನೆಲ ಉತ್ತರ ಹೇಳಿದೆ. 1361ರ ಜುಲೈ 27ರಂದು ಡೆನ್ಮಾರ್ಕಿನ ದೊರೆ ವಾಲ್ಡೆಮಾರನ ಪಳಗಿದ ಸೈನ್ಯವನ್ನು ಆ ದ್ವೀಪದ ಹಳ್ಳಿಗರು ವಿಸ್ಬಿ ಪಟ್ಟಣದ ಗೋಡೆಯ ಹೊರಗೆ ಎದುರಿಸಿದರು. ಪಟ್ಟಣದ ಬಾಗಿಲು ಅವರಿಗೆ ತೆರೆಯಲಿಲ್ಲ. ಸತ್ತವರನ್ನು ದೊಡ್ಡ ದೊಡ್ಡ ಗುಂಡಿಗಳಲ್ಲಿ ಹೂಳಲಾಯಿತು. 1905ರಿಂದ ಮುಂದಿನ ಕಾಲು ಶತಮಾನದಲ್ಲಿ ವಿದ್ವಾಂಸರು ಆ ಗುಂಡಿಗಳನ್ನು ಅಗೆದಾಗ 1,185 ಮಂದಿಯ ಎಲುಬುಗಳು ದೊರೆತವು. ಅವರಲ್ಲಿ ಹುಡುಗರಿದ್ದರು, ಮುದುಕರಿದ್ದರು, ಕಾಲು ಕುಂಟಾದವರೂ ಇದ್ದರು. ಕೆಲವರ ತಲೆಗೆ ಉಕ್ಕಿನ ಬಲೆ ಇತ್ತು. ಕೆಲವರ ಎದೆಗೆ ತಗಡಿನ ಕವಚವಿತ್ತು. ಆದರೆ ಕತ್ತಿಯ ಪೆಟ್ಟುಗಳು ಹೆಚ್ಚಾಗಿ ಬಿದ್ದದ್ದು ಎಲ್ಲಿ? ಮೊಣಕಾಲಿನ ಕೆಳಗೆ. ಪಳಗಿದ ಯೋಧನ ಕಣ್ಣು ಉಕ್ಕಿಲ್ಲದ ಜಾಗವನ್ನು ಹುಡುಕುತ್ತದೆ. ಆ ಹಳ್ಳಿಗರ ಕಾಲಿನಲ್ಲಿ ಅದು ಅವನಿಗೆ ಸಿಕ್ಕಿತು. ಲೀಡ್ಸಿನ ಶಸ್ತ್ರಾಗಾರದಲ್ಲಿ ಕರಡಿಪಾದದ ಹೊಳಪನ್ನು ಮೆಚ್ಚುವವರು ವಿಸ್ಬಿಯ ಈ ಎಲುಬುಗಳನ್ನೂ ಒಮ್ಮೆ ನೆನೆಯಬೇಕು.

ಉಕ್ಕಿಲ್ಲದ ಕಾಲಿಗೆ ಕತ್ತಿಯ ಭಯವಾದರೆ, ಬಡವನ ಪಾದರಕ್ಷೆಗೆ ಬೆಂಕಿಯ ಭಯವೂ ಇದ್ದ ಕಾಲವೊಂದಿತ್ತು. 12ನೆಯ ಶತಮಾನದ ಕೊನೆಯಲ್ಲಿ ಫ್ರಾನ್ಸಿನ ಲಿಯೋನ್ ನಗರದ ವಾಲ್ಡೆಸ್ ಎಂಬ ವರ್ತಕನು ತನ್ನ ಸಂಪತ್ತನ್ನು ಹಂಚಿ, ದಾರಿದ್ರ್ಯವನ್ನು ವ್ರತವಾಗಿ ಕೈಕೊಂಡು, ದೇಶಭಾಷೆಯಲ್ಲಿ ಧರ್ಮವನ್ನು ಬೋಧಿಸುತ್ತ ಹೊರಟನು. ಅವನ ಅನುಯಾಯಿಗಳನ್ನು 1184ರಲ್ಲಿ ಪೋಪರು ಧರ್ಮಬಾಹಿರರೆಂದು ಸಾರಿದರು. 1197ರಲ್ಲಿ ಆರಗಾನ್ ರಾಜ್ಯದ ದೊರೆ ಪೇದ್ರೊ, ದೇಶ ಬಿಟ್ಟು ಹೋಗದೆ ಉಳಿದ ಅವರನ್ನು ಸುಡಬೇಕೆಂದು ಶಾಸನ ಮಾಡಿದನು. ಅವರಿಗೆ ಸಲ್ಲುತ್ತಿದ್ದ ಹೆಸರುಗಳಲ್ಲಿ ಒಂದು ‘ಇನ್‌ಸಬ್ಬತಾತಿ’. ಅವರು ಮೆಟ್ಟುತ್ತಿದ್ದ ವಿಶಿಷ್ಟ ಪಾದರಕ್ಷೆಯಿಂದ, ಎಂದರೆ ನಮ್ಮ ಈ ‘ಸಬಾತ’ದಿಂದಲೇ, ಆ ಹೆಸರು ಬಂದಿತೆಂದು ಬಹುಮಂದಿ ವಿದ್ವಾಂಸರ ಮತ. ಆದರೆ ‘ಸಬ್ಬತ್’ ಎಂದರೆ ವಾರದ ವಿಶ್ರಾಂತಿಯ ದಿನವೂ ಹೌದಲ್ಲವೆ? ಧ್ವನಿಸಾಮ್ಯವನ್ನು ಮಾತ್ರ ನೋಡಿದ ಮುಂದಿನ ಕೆಲವು ಲೇಖಕರು ಈ ಪಂಥದವರು ಶನಿವಾರದ ವ್ರತವನ್ನು ಹಿಡಿದವರೆಂದು ಬರೆದರು. ಕಾಲಿನ ಪದವನ್ನು ಪಂಚಾಂಗಕ್ಕೆ ಸೇರಿಸಿದ್ದರಿಂದ ಒಂದು ಜನಸಮೂಹದ ನಂಬಿಕೆಯೇ ಗ್ರಂಥಗಳಲ್ಲಿ ಬೇರೆಯಾಗಿ ಕಾಣಿಸಿತು. ಶಬ್ದದ ಮೂಲವನ್ನು ಹುಡುಕುವುದು ಬಿಡುವಿನ ವೇಳೆಯ ವಿನೋದವೆಂದು ತಿಳಿಯುವವರು ಇದನ್ನು ಗಮನಿಸಬೇಕು.

ಇಂತಹ ಇನ್ನೊಂದು ಕಥೆ ಎಲ್ಲರಿಗೂ ಗೊತ್ತಿರುವಂತಹದು. ಫ್ರಾನ್ಸಿನ ಬಡವರು ಮೆಟ್ಟುತ್ತಿದ್ದ ಮರದ ಪಾದರಕ್ಷೆಗೆ ‘ಸಾಬೊ’ ಎಂದು ಹೆಸರು. ಹಳೆಯ ‘ಸವಾತ್’ ಎಂಬ ಪದಕ್ಕೆ ಬೂಟಿನ ಹಳೆಯ ಹೆಸರು ಬೆರೆತು ಅದು ಹುಟ್ಟಿತೆಂದು ಭಾಷಾಶಾಸ್ತ್ರಜ್ಞರು ಎಣಿಸುತ್ತಾರೆ. ಕೆರಳಿದ ಕೂಲಿಗಾರರು ತಮ್ಮ ಸಾಬೊಗಳನ್ನು ಯಂತ್ರಗಳೊಳಗೆ ಎಸೆದರೆಂದೂ ಅದರಿಂದ ‘ಸ್ಯಾಬೊಟಾಜ್’ ಎಂಬ ಪದ ಬಂದಿತೆಂದೂ ಹೇಳುವುದುಂಟು. ಕಥೆ ಸೊಗಸಾಗಿದೆ; ಆಧಾರ ಮಾತ್ರ ಇಲ್ಲ. ಸಾಬೊ ಮೆಟ್ಟಿದವನು ಟಪಟಪನೆ ಸದ್ದು ಮಾಡುತ್ತ ಒಡ್ಡೊಡ್ಡಾಗಿ ನಡೆಯುತ್ತಾನೆ. ಅದರಿಂದ ಕೆಲಸವನ್ನು ಒಡ್ಡೊಡ್ಡಾಗಿ ಮಾಡಿ ಕೆಡಿಸುವುದಕ್ಕೂ ಆ ಕ್ರಿಯಾಪದ ಸಲ್ಲತೊಡಗಿತು. 1897ರಲ್ಲಿ ತೂಲೂಸ್ ನಗರದಲ್ಲಿ ಸೇರಿದ ಫ್ರೆಂಚ್ ಕಾರ್ಮಿಕರ ಮಹಾಸಂಘ ಈ ಪದವನ್ನು ತನ್ನ ಹೋರಾಟದ ವಿಧಾನವೊಂದಕ್ಕೆ ಬಳಸಿತು: ಕೂಲಿ ಕೆಟ್ಟದಾದರೆ ಕೆಲಸವೂ ಕೆಟ್ಟದು. ಯಂತ್ರಕ್ಕೆ ಬಿದ್ದ ಪಾದರಕ್ಷೆಯ ಚಿತ್ರ ನಂತರ ಬಂದ ಅಲಂಕಾರ.

ಉಕ್ಕಿನ ಕಥೆ ಬೇಗ ಮುಗಿಯಿತು. ಕೋವಿಯ ಬಲ ಹೆಚ್ಚಿದಂತೆ ಉಕ್ಕಿನ ಹೊದಿಕೆ ಮೊದಲು ಕಾಲಿನಿಂದ ಇಳಿಯಿತು. 17ನೆಯ ಶತಮಾನದ ಸವಾರನಿಗೆ ಎತ್ತರದ ತೊಗಲಿನ ಬೂಟೇ ಸಾಕಾಯಿತು. ಸ್ಯಾಬಟನ್ ವಸ್ತುಸಂಗ್ರಹಾಲಯಕ್ಕೆ ಹೋಯಿತು. 1999ರಲ್ಲಿ ಸ್ವೀಡನ್ನಿನ ಫಾಲುನ್ ನಗರದಲ್ಲಿ ಹುಟ್ಟಿ, ಯುದ್ಧಗಳ ಕಥೆಯನ್ನೇ ಅಬ್ಬರದ ವಾದ್ಯಗಳೊಡನೆ ಹಾಡುವ ಸಂಗೀತತಂಡವೊಂದು ಆ ಹೆಸರನ್ನು ಇಟ್ಟುಕೊಂಡದ್ದರಿಂದ ಇಂದಿನ ತರುಣರಲ್ಲಿ ಕೆಲವರಿಗೆ ಅದು ಪರಿಚಿತವಾಗಿದೆ. ಆದರೆ ಬೀದಿಯ ‘ಸಬಾತ’ದ ಬಳಗ ಯಾರ ದಯೆಯೂ ಇಲ್ಲದೆ ಬೆಳೆಯಿತು. ಕಾಲಿನಿಂದ ಒದೆಯುವ ಫ್ರಾನ್ಸಿನ ಕಾದಾಟದ ಆಟ ‘ಸವಾತ್’ ಎನಿಸಿತು. ಇಟಲಿಯವರು 1982ರಲ್ಲಿ ಹೊಸದಾಗಿ ಮಾಡಿದ ಚಪ್ಪಟೆಯ ಬ್ರೆಡ್ಡೊಂದಕ್ಕೆ, ಅದರ ಆಕಾರವನ್ನು ನೋಡಿ, ‘ಚಬಾತ್ತ’ ಎಂದೇ ಹೆಸರಿಟ್ಟರು. ಹೆಸರಿನಲ್ಲಿ ಚಪ್ಪಲಿ ಇದೆಯೆಂದು ಊಟದ ಮೇಜಿನ ಮೇಲೆ ಅದನ್ನು ಬೇಡವೆಂದವರಿಲ್ಲ.

ಪೋರ್ಚುಗೀಸರ ಹಡಗುಗಳೊಡನೆ ಈ ಪದ ಪೂರ್ವದೇಶಗಳಿಗೂ ಬಂದಿತು. ಸಿಂಹಳದಲ್ಲಿ ಬೂಟಿಗೆ ‘ಸಪತ್ತು’, ಸಿಂಹಳದ ತಮಿಳರಲ್ಲಿ ‘ಸಪ್ಪಾತ್ತು’, ಇಂಡೊನೇಷಿಯದಲ್ಲಿ ‘ಸೆಪಾತು’. ಹಾಗಾದರೆ ನಮ್ಮ ‘ಚಪ್ಪಲಿ’ಯೂ ಇದರ ನೆಂಟನೆ ಎಂದು ಕೇಳಲು ನಾಲಗೆ ತುಡಿಯುತ್ತದೆ. ಶನಿವಾರದ ವ್ರತದ ಕಥೆಯನ್ನು ಆಗಲೇ ಕೇಳಿದವರು ಇಲ್ಲಿ ಸ್ವಲ್ಪ ತಾಳಬೇಕು. ಧ್ವನಿ ಹೋಲಿದ ಮಾತ್ರಕ್ಕೆ ನೆಂಟಸ್ತನ ಸಿದ್ಧವಾಗುವುದಿಲ್ಲ. ತಮಿಳಿನ ‘ಚೆರುಪ್ಪು’, ತೆಲುಗಿನ ‘ಚೆಪ್ಪು’, ಕನ್ನಡದ ‘ಕೆರ’ ಇವು ಒಂದೇ ದ್ರಾವಿಡ ಮನೆಯ ಮಕ್ಕಳು. ತಮಿಳಿನ ‘ಚೆವಿ’ ಕನ್ನಡದಲ್ಲಿ ‘ಕಿವಿ’ಯಾಗಿ ಉಳಿದಂತೆ ‘ಚೆರುಪ್ಪು’ ಇಲ್ಲಿ ‘ಕೆರ’ವಾಗಿದೆ. ಪಾದರಕ್ಷೆಗೆ ಹೆಸರನ್ನು ಕಡ ತರಬೇಕಾದ ಬಡತನ ಈ ನೆಲಕ್ಕೆ ಎಂದೂ ಇರಲಿಲ್ಲ.

ಇನ್ನು, ಸರದಾರರ ಕಥೆಯನ್ನು ಕನ್ನಡಕ್ಕೆ ತರುವವನು ಸ್ಯಾಬಟನ್ನನ್ನು ಏನೆಂದು ಕರೆಯಬೇಕು? ‘ಪಾದರಕ್ಷೆ’ ಎಂದರೆ ಅಕ್ಷರಶಃ ಸರಿಯೆ. ಪಾದವನ್ನು ರಕ್ಷಿಸುವುದು ತಾನೆ ಅದರ ಕೆಲಸ? ಆದರೆ ಓದುವವರ ಕಣ್ಣಿಗೆ ಬರುವುದು ತೊಗಲಿನ ಚಪ್ಪಲಿ. ‘ಶಿರಸ್ತ್ರಾಣ’ವೆಂದರೆ ಉಕ್ಕಿನ ಟೊಪ್ಪಿಗೆ, ಅದೇ ‘ತ್ರಾಣ’ ಪಾದದ ಜೊತೆ ಸೇರಿ ‘ಪಾದತ್ರಾಣ’ವಾದರೆ ಸಂಸ್ಕೃತದಲ್ಲಿಯೂ ಬರಿಯ ಮೆಟ್ಟೇ. ಯೂರೋಪಿನಲ್ಲಿ ಮೆಟ್ಟಿನ ಹೆಸರು ಮೇಲೇರಿ ಕವಚಕ್ಕೆ ಸಂದಿತು. ಇಲ್ಲಿ ಕವಚಕ್ಕೆ ಒಪ್ಪುವ ಹೆಸರು ಇಳಿದುಬಂದು ಮೆಟ್ಟಿಗೆ ಸಂದಿತು.

ಆದರೆ ಎರಡೂ ಅರ್ಥಗಳನ್ನು ಒಟ್ಟಿಗೆ ಹೊತ್ತ ಪದವೊಂದು ಕನ್ನಡದಲ್ಲಿದೆ. ಅದು ‘ಜೋಡು’. ಎರಡು ಸೇರಿದ್ದು ಜೋಡು; ಆದ್ದರಿಂದ ಕಾಲಿನ ಎರಡು ಮೆಟ್ಟುಗಳು ಜೋಡು. ಆದರೆ ಕುಮಾರವ್ಯಾಸನ ಯುದ್ಧಪರ್ವಗಳನ್ನು ಓದಿದವರಿಗೆ ಅದೇ ಪದ ಬೇರೆಯಾಗಿ ಕೇಳಿಸುತ್ತದೆ. ಅಲ್ಲಿ ಜೋಡೆಂದರೆ ಕವಚ. ವೀರರು ಅದನ್ನು ತೊಟ್ಟು ರಥವೇರುತ್ತಾರೆ. ಕವಿಯ ಕಾಲ 15ನೆಯ ಶತಮಾನವೆಂಬ ವಿದ್ವಾಂಸರ ಮಾತನ್ನು ಒಪ್ಪಿದರೆ, ಅತ್ತ ಯೂರೋಪಿನ ಕಮ್ಮಾರರು ಚೂಪು ತುದಿಯ ಸ್ಯಾಬಟನ್ನುಗಳನ್ನು ಬಡಿಯುತ್ತಿದ್ದ ದಿನಗಳಲ್ಲೇ ಇತ್ತ ಗದುಗಿನಲ್ಲಿ ಈ ಪದ ರಣಭೂಮಿಯಲ್ಲಿ ಓಡಾಡುತ್ತಿತ್ತು. ಉಕ್ಕಿನ ಸರದಾರನ ಪಾದಕ್ಕೆ ‘ಉಕ್ಕಿನ ಜೋಡು’ ಎಂದು ಹೇಳಿದರೆ ಕವಚವೂ ಆಯಿತು, ಮೆಟ್ಟೂ ಆಯಿತು. ನಿಘಂಟನ್ನು ತೆರೆಯುವ ಶ್ರಮವೂ ಓದುಗರಿಗೆ ಉಳಿಯಿತು.

ಕವಚದ ಅರ್ಥ ಇಂದು ಹಳೆಯ ಕಾವ್ಯಗಳಲ್ಲಿ ಉಳಿದಿದೆ. ಮೆಟ್ಟಿನ ಅರ್ಥ ಮನೆಮನೆಯ ಬಾಗಿಲಿನಲ್ಲಿದೆ. ಹಬ್ಬದ ದಿನ ಹೊರಗೆ ಬಿಟ್ಟ ಜೋಡುಗಳನ್ನು ಎಣಿಸಿ, ಒಳಗೆ ಎಷ್ಟು ಮಂದಿ ನೆಂಟರು ಬಂದಿದ್ದಾರೆಂದು ಲೆಕ್ಕ ಹಾಕುವ ಗೃಹಿಣಿಗೆ, ತಾನು ಎಣಿಸುತ್ತಿರುವ ಪದ ಒಂದು ಕಾಲದಲ್ಲಿ ಕುರುಕ್ಷೇತ್ರದಲ್ಲಿತ್ತೆಂಬುದು ನೆನಪಿಗೆ ಬರಲಾರದು. ಬರಬೇಕಾದ ಅಗತ್ಯವೂ ಇಲ್ಲ. ಆಕೆಗೆ ತಿಳಿಯಬೇಕಾದದ್ದು ಒಲೆಯ ಮೇಲೆ ಇನ್ನೆಷ್ಟು ಅಕ್ಕಿ ಇಡಬೇಕೆಂಬುದು. ಅದನ್ನು ಆ ಜೋಡುಗಳೇ ಹೇಳುತ್ತವೆ.